ಧಾರವಾಡದಲ್ಲಿ ಮನೆ, ಬೆಂಗಳೂರಿನಲ್ಲಿ ರಿಕ್ರೂಟ್‌ಮೆಂಟ್ ಡೆಸ್ಕ್: ವಾರಕ್ಕೆ ಮೂರು ದಿನ ಆಫೀಸಿಗೆ ಹೋಗಲೇಬೇಕೇ?

ಪ್ರಶ್ನೆ: ನಾನು ಧಾರವಾಡದವಳು. ಬೇರೆ ಕಂಪನಿಗಳಿಗೆ ಜನ ಹುಡುಕಿ ಕೊಡುವ ಬೆಂಗಳೂರಿನ ಸ್ಟಾಫಿಂಗ್ ಕಂಪನಿಯೊಂದರಲ್ಲಿ 2019ರಲ್ಲಿ ಐಟಿ ರಿಕ್ರೂಟರ್ ಆಗಿ ಸೇರಿದೆ. ಲಾಕ್‌ಡೌನ್ ಆದಾಗ ಊರಿಗೆ ಬಂದವಳು ಅಂದಿನಿಂದ ಮನೆಯಿಂದಲೇ ಕೆಲಸ ಮಾಡುತ್ತಿದ್ದೇನೆ. ಈಗ ಟೀಮ್ ಲೀಡ್. ನನ್ನ ಕೆಳಗೆ ನಾಲ್ವರಿದ್ದಾರೆ. ಅವರಲ್ಲಿ ಇಬ್ಬರು ಈ ವರ್ಷ ಕಾಲೇಜು ಮುಗಿಸಿ ಸೇರಿದವರು, ಬೆಂಗಳೂರಿನಲ್ಲಿ ತಮ್ಮ ರೂಮಿನಿಂದಲೇ ಕೆಲಸ ಮಾಡುತ್ತಾರೆ. ಅವರನ್ನು ನಾನಿನ್ನೂ ಮುಖಾಮುಖಿ ನೋಡಿಲ್ಲ. ಬರುವ ತಿಂಗಳಿಂದ ಎಲ್ಲರೂ ವಾರಕ್ಕೆ ಮೂರು ದಿನ ಆಫೀಸಿಗೆ ಬರಬೇಕೆಂದು ಕಂಪನಿ ಮೇಲ್ ಕಳಿಸಿದೆ. ಜೊತೆಗೆ ಲ್ಯಾಪ್‌ಟಾಪಿನಲ್ಲಿ ಆಗಾಗ ಸ್ಕ್ರೀನ್‌ಶಾಟ್ ತೆಗೆಯುವ ಸಾಫ್ಟ್‌ವೇರ್ ಹಾಕಿದ್ದಾರೆ. ನನಗೆ ಎರಡು ವರ್ಷದ ಮಗಳಿದ್ದಾಳೆ. ನನ್ನ ಜಾಯ್ನಿಂಗ್ ಸಂಖ್ಯೆ, ಅಂದರೆ ನನ್ನ ಮೂಲಕ ಕೆಲಸಕ್ಕೆ ಸೇರಿದವರ ಲೆಕ್ಕ, ಆಫೀಸಿನಲ್ಲಿ ಕೂರುವ ಯಾರಿಗೂ ಕಡಿಮೆಯಿಲ್ಲ. ಬರಲೇಬೇಕು ಎನ್ನಲು ಅವರಿಗೆ ಕಾನೂನಿನ ಬಲವಿದೆಯೇ? ಕೆಲಸ ಬಿಟ್ಟು ಫ್ರೀಲಾನ್ಸ್ ರಿಕ್ರೂಟರ್ ಆದರೆ ಹೇಗೆ?

ಉತ್ತರ: ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಧಾರವಾಡದಲ್ಲಿ ಸಂಸಾರ ಇರುವವರನ್ನು ವಾರವಾರವೂ ಮೂರು ದಿನ ಬೆಂಗಳೂರಿಗೆ ಕರೆಸುವುದರಲ್ಲಿ ಅರ್ಥವಿಲ್ಲ. ವಂದೇ ಭಾರತ್ ರೈಲಿನಲ್ಲೂ ಒಂದು ಕಡೆಗೆ ಆರು ಗಂಟೆಗೂ ಹೆಚ್ಚು ಹಿಡಿಯುತ್ತದೆ. ಈ ಮಾತನ್ನು ನೀವು ಕಂಪನಿಗೆ ಧೈರ್ಯವಾಗಿ ಹೇಳಬಹುದು. ಆದರೆ ಆಫೀಸಿಗೆ ಬರುವುದೇ ಇಲ್ಲ ಎಂದರೆ ಅದನ್ನೂ ನಾನು ಒಪ್ಪಲಾರೆ. ತಿಂಗಳಿಗೊಂದು ಪೂರ್ತಿ ವಾರ ಹೋಗಿ ಬನ್ನಿ. ನಿಮ್ಮ ಕೆಲಸಕ್ಕೆ ಆ ವಾರ ಬೇಕಾಗಿಲ್ಲ. ನೀವಿನ್ನೂ ಮುಖ ನೋಡದ ಆ ಇಬ್ಬರು ಹೊಸಬರಿಗೆ ಅದು ಬೇಕು.

ಕಾನೂನಿನ ವಿಷಯ ಬೇಗ ಮುಗಿಸೋಣ. ಮನೆಯಿಂದ ಕೆಲಸ ಮಾಡುವುದು ನೌಕರರ ಹಕ್ಕು ಎಂದು ಎಲ್ಲರಿಗೂ ಅನ್ವಯಿಸುವ ಕಾನೂನು ನಮ್ಮಲ್ಲಿಲ್ಲ. ನಿಮ್ಮ ನೇಮಕಾತಿ ಪತ್ರದಲ್ಲಿ ಕೆಲಸದ ಸ್ಥಳ ಬೆಂಗಳೂರು ಎಂದಿದ್ದರೆ, ಇಷ್ಟು ವರ್ಷ ಮನೆಯಿಂದ ಮಾಡಿದೆ ಎಂಬ ಕಾರಣಕ್ಕೆ ಅದು ಧಾರವಾಡ ಆಗಿಬಿಡುವುದಿಲ್ಲ. ನಡುವೆ ಯಾವಾಗಲಾದರೂ ಎಚ್‌ಆರ್ ಕಡೆಯಿಂದ ನಿಮ್ಮ ಲೊಕೇಶನ್ ಬದಲಿಸಿದ ಮೇಲ್ ಬಂದಿದ್ದರೆ ಹುಡುಕಿ ಇಟ್ಟುಕೊಳ್ಳಿ, ಅದಕ್ಕೆ ಬೆಲೆಯಿದೆ. 2025ರ ನವೆಂಬರ್ 21ರಂದು ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದ ಮೇಲೆ ನೇಮಕಾತಿ ಪತ್ರ ಕೊಡುವುದು ಕಡ್ಡಾಯವಾಗಿದೆ. ಹಾಗಾಗಿ ಈಗ ಯಾವ ಒಪ್ಪಂದಕ್ಕೆ ಬಂದರೂ ಅದು ಬರವಣಿಗೆಯಲ್ಲಿ ಸಿಗಲಿ, ಮ್ಯಾನೇಜರ್ ಬಾಯಿಮಾತಿಗೆ ನಿಲ್ಲಬೇಡಿ.

ಹೆರಿಗೆ ಸೌಲಭ್ಯ ಕಾಯ್ದೆಗೆ 2017ರಲ್ಲಿ ಆದ, ಈಗ ಸಾಮಾಜಿಕ ಭದ್ರತಾ ಸಂಹಿತೆಯೊಳಗೆ ಸೇರಿರುವ ತಿದ್ದುಪಡಿ ಹೆರಿಗೆ ರಜೆಯ ನಂತರ ಮನೆಯಿಂದ ಕೆಲಸ ಮಾಡುವ ಮಾತನ್ನು ಎತ್ತುತ್ತದೆ. ಆದರೆ ಅದಕ್ಕೂ ಕೆಲಸದ ಸ್ವರೂಪ ಹೊಂದಬೇಕು, ಎರಡೂ ಕಡೆ ಒಪ್ಪಬೇಕು. ಅದೇ ತಿದ್ದುಪಡಿಯ ಇನ್ನೊಂದು ಭಾಗ ನಿಮಗೆ ಹೆಚ್ಚು ಉಪಯೋಗಕ್ಕೆ ಬಂದೀತು: 50 ಅಥವಾ ಹೆಚ್ಚು ನೌಕರರಿರುವ ಸಂಸ್ಥೆ ಶಿಶುಪಾಲನಾ ಕೇಂದ್ರದ ವ್ಯವಸ್ಥೆ ಮಾಡಬೇಕು, ತಾಯಿ ದಿನಕ್ಕೆ ನಾಲ್ಕು ಸಲ ಹೋಗಿ ಮಗುವನ್ನು ನೋಡಿ ಬರಲು ಬಿಡಬೇಕು. ಆಫೀಸಿಗೆ ಬನ್ನಿ ಎಂದು ಮೇಲ್ ಕಳಿಸಿದವರು ಈ ವ್ಯವಸ್ಥೆಯ ಬಗ್ಗೆ ಒಂದು ಸಾಲನ್ನಾದರೂ ಬರೆದಿದ್ದಾರಾ ನೋಡಿ. ಬರೆದಿಲ್ಲವಾದರೆ ಸಂಕೋಚವಿಲ್ಲದೆ ಕೇಳಿ.

ಇನ್ನು ನಮ್ಮ ಕೆಲಸದ ವಿಷಯ. ಮನೆಯಿಂದ ಕೆಲಸ ಒಳ್ಳೆಯದೋ ಕೆಟ್ಟದ್ದೋ ಎಂದು ಒಟ್ಟಾಗಿ ಕೇಳಿದರೆ ಉತ್ತರ ಸಿಗುವುದಿಲ್ಲ. ರಿಕ್ರೂಟರ್ ಡೆಸ್ಕಿನಲ್ಲಿ ಎರಡು ಬಗೆಯ ಕೆಲಸಗಳು ಸೇರಿಕೊಂಡಿವೆ. ಹುಡುಕುವುದು, ಕರೆ ಮಾಡುವುದು, ಟ್ರ್ಯಾಕರ್ (ಯಾವ ಕ್ಯಾಂಡಿಡೇಟ್ ಯಾವ ಹಂತದಲ್ಲಿದ್ದಾರೆ ಎಂಬ ಪಟ್ಟಿ) ತುಂಬುವುದು, ಇಂಟರ್‌ವ್ಯೂ ಲೈನಪ್ ಮಾಡುವುದು ಒಂದು ಬಗೆ. ಮನುಷ್ಯರನ್ನು ಅಂದಾಜು ಮಾಡುವುದು ಇನ್ನೊಂದು: ಈ ಕ್ಯಾಂಡಿಡೇಟ್ ಸೇರುತ್ತಾನಾ, ಈ ಹೈರಿಂಗ್ ಮ್ಯಾನೇಜರಿಗೆ ನಿಜವಾಗಿ ಬೇಕಿರುವುದೇನು, ಈ ಸಂಬಳದಲ್ಲಿ ಇಂಥ ಸ್ಕಿಲ್ ಇರುವವರು ಮಾರ್ಕೆಟ್ಟಿನಲ್ಲಿ ಸಿಗುತ್ತಾರಾ.

ಮೊದಲನೆಯದಕ್ಕೆ ಮನೆಯೇ ಒಳ್ಳೆಯ ಜಾಗ ಎಂದು ನಾನು ಖಚಿತವಾಗಿ ಹೇಳುತ್ತೇನೆ. ನಾವು ಕರೆ ಮಾಡುವವರು ಈಗಾಗಲೇ ಇನ್ನೊಂದು ಕಂಪನಿಯಲ್ಲಿ ಕೆಲಸದಲ್ಲಿ ಇರುವವರು. ತಮ್ಮ ಸೀಟಿನಲ್ಲಿ ಕೂತು ಅವರು ಸಂಬಳದ ಮಾತಾಡಲಾರರು. ಬೆಳಗ್ಗೆ ಒಂಬತ್ತರೊಳಗೆ, ಇಲ್ಲವೇ ಸಂಜೆ ಏಳರ ಮೇಲೆ ಬಾಯಿ ಬಿಡುತ್ತಾರೆ. ಆಫೀಸಿಗೆ ಹೋಗುವ ರಿಕ್ರೂಟರ್ ಆ ಎರಡೂ ಹೊತ್ತಿನಲ್ಲಿ ಸಿಲ್ಕ್ ಬೋರ್ಡ್ ಜಂಕ್ಷನ್ನಿನಲ್ಲೋ ಔಟರ್ ರಿಂಗ್ ರೋಡಿನಲ್ಲೋ ಬಸ್ಸಿನಲ್ಲಿ ನಿಂತಿರುತ್ತಾರೆ. ಅಮೆರಿಕದ ಕಂಪನಿಗಳಿಗೆ ಜನ ಹುಡುಕುವ ಯುಎಸ್ ಡೆಸ್ಕಿನವರಿಗಂತೂ ಮನೆಯ ಲಾಭ ಇನ್ನೂ ಹೆಚ್ಚು. ಅಲ್ಲಿಯ ಹಗಲು ನಮ್ಮ ರಾತ್ರಿ, ಮಧ್ಯರಾತ್ರಿ ದಾಟಿದ ಮೇಲೆ ಕ್ಯಾಬ್ ಹಿಡಿದು ಊರಿನ ಇನ್ನೊಂದು ತುದಿಗೆ ಹೋಗುವ ಕಷ್ಟ ತಪ್ಪುತ್ತದೆ.

ಇದಕ್ಕೆ ಪುರಾವೆಯೂ ಇದೆ. ಶಾಂಘೈನ ಸಿಟ್ರಿಪ್ ಎಂಬ ಪ್ರವಾಸ ಕಂಪನಿಯ ಕಾಲ್ ಸೆಂಟರಿನಲ್ಲಿ 2010ರ ಕೊನೆಗೆ ಸ್ಟ್ಯಾನ್‌ಫರ್ಡ್‌ನ ಅರ್ಥಶಾಸ್ತ್ರಜ್ಞ ನಿಕೋಲಸ್ ಬ್ಲೂಮ್ ಮತ್ತು ಸಂಗಡಿಗರು ಒಂದು ಪ್ರಯೋಗ ಶುರು ಮಾಡಿದರು. ಮನೆಯಿಂದ ಕೆಲಸಕ್ಕೆ ಮುಂದೆ ಬಂದ, ಅರ್ಹರಾದ 249 ಜನರನ್ನು ಹುಟ್ಟಿದ ತಾರೀಖು ಸಮಸಂಖ್ಯೆಯೋ ಬೆಸಸಂಖ್ಯೆಯೋ ನೋಡಿ ಎರಡು ಗುಂಪು ಮಾಡಿದರು. ಒಂದು ಗುಂಪು ವಾರಕ್ಕೆ ನಾಲ್ಕು ದಿನ ಮನೆಯಲ್ಲಿ, ಇನ್ನೊಂದು ಪೂರ್ತಿ ಆಫೀಸಿನಲ್ಲಿ. ಒಂಬತ್ತು ತಿಂಗಳಲ್ಲಿ ಮನೆಯಿಂದ ಮಾಡಿದವರ ಕೆಲಸ ಶೇ. 13ರಷ್ಟು ಏರಿತು. ಅದರಲ್ಲಿ ಶೇ. 9ರಷ್ಟು ಬಂದದ್ದು ಬಿಡುವು, ರಜೆ ಕಡಿಮೆಯಾಗಿ ಹೆಚ್ಚು ಹೊತ್ತು ಕೆಲಸ ನಡೆದದ್ದರಿಂದ, ಉಳಿದ ಶೇ. 4ರಷ್ಟು ಅದೇ ಹೊತ್ತಿನಲ್ಲಿ ಹೆಚ್ಚು ಕರೆ ಮುಗಿದದ್ದರಿಂದ, ಅದಕ್ಕೆ ಮನೆಯ ನಿಶ್ಶಬ್ದ ಒಂದು ಕಾರಣ. ಕೆಲಸ ಬಿಡುವವರ ಪ್ರಮಾಣ ಅರ್ಧಕ್ಕಿಳಿಯಿತು. ಫೋನಿನಲ್ಲೇ ಬದುಕುವ ನಮ್ಮ ಕೆಲಸಕ್ಕೆ ಇಷ್ಟು ಹತ್ತಿರದ ಇನ್ನೊಂದು ಅಧ್ಯಯನವನ್ನು ನಾನು ನೋಡಿಲ್ಲ. ನಿಮ್ಮ ಜಾಯ್ನಿಂಗ್ ಸಂಖ್ಯೆ ಚೆನ್ನಾಗಿರುವುದು ನನಗೆ ಆಶ್ಚರ್ಯದ ವಿಷಯವೇ ಅಲ್ಲ.

ಆದರೆ ಆ ಪ್ರಯೋಗದ ಕುರಿತು ಮಾತಾಡುವವರು ಮೂರು ವಿವರಗಳನ್ನು ಬಿಟ್ಟುಬಿಡುತ್ತಾರೆ. ಕನಿಷ್ಠ ಆರು ತಿಂಗಳು ಅಲ್ಲಿ ಕೆಲಸ ಮಾಡಿದವರನ್ನಷ್ಟೇ ತೆಗೆದುಕೊಂಡಿದ್ದರು, ಮನೆಯಲ್ಲಿ ಪ್ರತ್ಯೇಕ ಕೋಣೆ ಇರಬೇಕಿತ್ತು. ಪ್ರಯೋಗ ಮುಗಿದು ಆಯ್ಕೆ ಕೊಟ್ಟಾಗ ಮನೆಯಲ್ಲಿದ್ದವರಲ್ಲಿ ಸುಮಾರು ಅರ್ಧದಷ್ಟು ಜನ ಆಫೀಸಿಗೆ ಮರಳಿದರು, ಒಂಟಿತನ ತಡೆಯಲಾಗದೆ. ಮತ್ತು ಅಷ್ಟೇ ಕೆಲಸ ಮಾಡಿದರೂ ಮನೆಯವರಿಗೆ ಬಡ್ತಿ ಸಿಗುವ ಸಾಧ್ಯತೆ ಕಡಿಮೆಯಿತ್ತು. ಈ ಕೊನೆಯದನ್ನು ನೀವು ಗಟ್ಟಿಯಾಗಿ ನೆನಪಿಡಿ. ಅದೇ ಕಂಪನಿಯಲ್ಲಿ 2021-22ರಲ್ಲಿ 1,612 ಜನರ ಮೇಲೆ ಇನ್ನೊಂದು ಪ್ರಯೋಗ ನಡೆಯಿತು; ಈ ಸಲ ಮನೆಯಿಂದ ವಾರಕ್ಕೆ ಎರಡು ದಿನ ಮಾತ್ರ. ಕೆಲಸ ಬಿಡುವವರು ಮೂರನೇ ಒಂದರಷ್ಟು ಕಡಿಮೆಯಾದರು, ಬಡ್ತಿಯಲ್ಲಿ, ಕೆಲಸದ ಮೌಲ್ಯಮಾಪನದಲ್ಲಿ ವ್ಯತ್ಯಾಸ ಕಾಣಲಿಲ್ಲ. ಆಗಾಗ ಮುಖ ತೋರಿಸುವವರಿಗೆ ಮನೆಯ ದಿನಗಳಿಂದ ನಷ್ಟವಾಗಿಲ್ಲ.

ಹೊಸಬರ ಕಥೆ ಬೇರೆ. ನಮ್ಮ ಪಕ್ಕದ ಚೆನ್ನೈನಲ್ಲೇ ಅದನ್ನು ಪರೀಕ್ಷಿಸಿದ್ದಾರೆ. ಡೇವಿಡ್ ಆಟ್ಕಿನ್, ಆಂಟೊನೆಟ್ ಶೋರ್, ಸುಮಿತ್ ಶಿಂಧೆ ಎಂಬ ಅರ್ಥಶಾಸ್ತ್ರಜ್ಞರು ಡೇಟಾ ಎಂಟ್ರಿ ಕೆಲಸಕ್ಕೆ ಹೊಸದಾಗಿ ತೆಗೆದುಕೊಂಡವರಲ್ಲಿ ಕೆಲವರನ್ನು ಮನೆಗೂ ಕೆಲವರನ್ನು ಆಫೀಸಿಗೂ ಚೀಟಿ ಎತ್ತಿದಂತೆ ಹಂಚಿದರು. 2023ರಲ್ಲಿ ಹೊರಬಂದ ಫಲಿತಾಂಶದ ಪ್ರಕಾರ ಮನೆಯವರ ಉತ್ಪಾದಕತೆ ಶೇ. 18ರಷ್ಟು ಕಡಿಮೆ. ಈ ಅಂತರದ ಮೂರನೇ ಎರಡು ಭಾಗ ಮೊದಲ ದಿನವೇ ಕಂಡಿತು. ಉಳಿದದ್ದು ಆಫೀಸಿನವರು ಬೇಗ ಬೇಗ ಕಲಿತದ್ದರಿಂದ ಬೆಳೆಯುತ್ತಾ ಹೋಯಿತು. ಡೇಟಾ ಎಂಟ್ರಿಯಂಥ ಕೆಲಸದಲ್ಲೇ ಹೀಗಾದರೆ, ಮನುಷ್ಯರ ಮನಸ್ಸು ಓದಬೇಕಾದ ಕೆಲಸದಲ್ಲಿ ಏನಾಗಬೇಡ?

ನಮ್ಮ ಕೆಲಸವನ್ನು ಯಾರೂ ಪುಸ್ತಕ ಓದಿ ಕಲಿತಿಲ್ಲ. ಪಕ್ಕದ ಸೀಟಿನವರ ಕರೆ ಕಿವಿಗೆ ಬಿದ್ದೂ ಬಿದ್ದೂ ಕಲಿತದ್ದು. ಒಂದು ಉದಾಹರಣೆ ನೋಡಿ. ತೊಂಬತ್ತು ದಿನ ನೋಟಿಸ್ ಇರುವ ಜಾವಾ ಡೆವಲಪರ್‌ಗೆ ಆಫರ್ ಹೋಗಿದೆ. ಹೊಸ ರಿಕ್ರೂಟರ್ ಕರೆ ಮಾಡಿ "ರಿಸೈನ್ ಮಾಡಿದ್ರಾ ಸರ್?" ಎಂದು ಕೇಳುತ್ತಾನೆ. ಆ ಕಡೆಯಿಂದ "ಹ್ಞೂಂ, ಮ್ಯಾನೇಜರ್ ಹತ್ರ ಮಾತಾಡಿದೀನಿ" ಎಂಬ ಉತ್ತರ. ಹೊಸಬ ಟ್ರ್ಯಾಕರಿನಲ್ಲಿ 'ರಿಸೈನ್ಡ್' ಎಂದು ಬರೆದು ಮುಂದಿನ ಕರೆಗೆ ಹೋಗುತ್ತಾನೆ. ಆ ಮಾತು ನಿಮ್ಮ ಕಿವಿಗೆ ಬಿದ್ದಿದ್ದರೆ ಅಲ್ಲೇ ತಡೆಯುತ್ತಿದ್ದಿರಿ. ಮಾತಾಡಿದ್ದಾನೆ, ಪೇಪರ್ ಹಾಕಿಲ್ಲ. ಮ್ಯಾನೇಜರ್ ಈಗ ಸಂಬಳ ಏರಿಸುವ ಮಾತೆತ್ತುತ್ತಾರೆ, ನಮ್ಮ ಆಫರ್ ಲೆಟರನ್ನು ಇವನು ಅಲ್ಲಿ ತೋರಿಸುತ್ತಾನೆ. ರಾಜೀನಾಮೆ ಒಪ್ಪಿದ ಮೇಲ್ ಬಂತಾ, ಕೊನೆಯ ದಿನ ಯಾವುದು, ಮನೆಯಲ್ಲಿ ಏನಂತಾರೆ, ಹೆಂಡತಿಯ ಆಫೀಸು ಯಾವ ಕಡೆ, ಮಗುವಿನ ಸ್ಕೂಲು ಎಲ್ಲಿ ಎಂದು ನೀವು ಕೇಳುತ್ತಿದ್ದಿರಿ. ವೈಟ್‌ಫೀಲ್ಡಿನಲ್ಲಿ ಮನೆ ಮಾಡಿಕೊಂಡವನು ಎಲೆಕ್ಟ್ರಾನಿಕ್ ಸಿಟಿಯ ಕೆಲಸಕ್ಕೆ ಹೂಂ ಎಂದರೆ ಆ ಹೂಂ ಎಷ್ಟು ದಿನ ನಿಲ್ಲುತ್ತದೆ ಎಂದು ನಿಮಗೆ ಗೊತ್ತು. ಇದನ್ನು ಟ್ರೈನಿಂಗ್ ಪಿಪಿಟಿಯಲ್ಲಿ ಹಾಕಲು ಬರುವುದಿಲ್ಲ. ಕೇಳಿಸಿಕೊಂಡ ತಕ್ಷಣ, ಕರೆ ಇನ್ನೂ ನಡೆಯುತ್ತಿರುವಾಗಲೇ, ಸನ್ನೆ ಮಾಡಿ ಒಂದು ಪ್ರಶ್ನೆ ಎತ್ತಿಕೊಡಬೇಕು.

ಮನೆಯಲ್ಲಿ ಕೂತ ಹೊಸಬರು ಈ ತಪ್ಪನ್ನು ಮೂರು ತಿಂಗಳ ನಂತರ ತಿಳಿಯುತ್ತಾರೆ, ಜಾಯ್ನಿಂಗ್ ದಿನ ಆ ವ್ಯಕ್ತಿಯ ಫೋನ್ ಸ್ವಿಚ್ ಆಫ್ ಆದಾಗ. ಲೆಕ್ಕವನ್ನೂ ನೋಡಿ: ಪರ್ಮನೆಂಟ್ ಹುದ್ದೆಗೆ ಕ್ಲೈಂಟ್, ಅಂದರೆ ಜನ ಬೇಕಾದ ಕಂಪನಿ, ನಮಗೆ ಕೊಡುವ ರೂಢಿಯ ಶುಲ್ಕ ವಾರ್ಷಿಕ ಸಂಬಳದ ಶೇ. 8.33, ಅಂದರೆ ಒಂದು ತಿಂಗಳ ಸಂಬಳ. 12 ಲಕ್ಷದ ಹುದ್ದೆಯಾದರೆ ಸುಮಾರು 1 ಲಕ್ಷ ರೂಪಾಯಿ. ವ್ಯಕ್ತಿ ಸೇರದಿದ್ದರೆ ಅಷ್ಟೂ ಹೋಯಿತು, ಕ್ಲೈಂಟಿನ ಭರವಸೆಯೂ ಹೋಯಿತು. ಇದಕ್ಕಿಂತ ನನ್ನನ್ನು ಹೆಚ್ಚು ಕಾಡುವುದು ಆ ಹುಡುಗರ ಸ್ಥಿತಿ. ಎರಡು ಮೂರು ಆಫರ್ ಡ್ರಾಪ್ ಆದ ಮೇಲೆ ತಮಗೆ ಈ ಕೆಲಸ ಬರುವುದಿಲ್ಲ ಎಂದುಕೊಂಡು ಬಿಟ್ಟು ಹೋಗುತ್ತಾರೆ. ಅವರಿಗೆ ಕೆಲಸ ಬರುವುದಿಲ್ಲ ಎಂದಲ್ಲ, ಹೇಳಿಕೊಡುವವರು ಪಕ್ಕದಲ್ಲಿರಲಿಲ್ಲ. ನೀವು 2019ರಲ್ಲಿ ಸೇರಿದವರು. ಲಾಕ್‌ಡೌನಿಗೆ ಮುಂಚೆ ಸಿಕ್ಕ ಆ ತಿಂಗಳುಗಳಲ್ಲಿ ಯಾರೋ ಹಿರಿಯರ ಪಕ್ಕ ಕೂತಿದ್ದಿರಿ. ಈ ಇಬ್ಬರಿಗೆ ಅದು ಸಿಕ್ಕಿಲ್ಲ.

ಹಾಗಾದರೆ ಎಲ್ಲರನ್ನೂ ಮೂರು ದಿನ ಕರೆಸಿದರೆ ಈ ಕಲಿಕೆ ತಾನಾಗಿ ನಡೆಯುತ್ತದೆಯೇ? ಇಲ್ಲ, ನಿಮ್ಮ ಕಂಪನಿಯ ಮೇಲ್ ಎಡವಿರುವುದು ಅಲ್ಲೇ. ಒಬ್ಬರು ಸೋಮವಾರ, ಇನ್ನೊಬ್ಬರು ಗುರುವಾರ ಬಂದು, ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಟೀಮ್ಸ್ ಕರೆಯಲ್ಲಿ ಧಾರವಾಡದ ಲೀಡ್ ಜೊತೆ ಮಾತಾಡುವುದಾದರೆ ಆಫೀಸು ಯಾಕೆ ಬೇಕು? ಕಲಿಸುವವರು, ಕಲಿಯುವವರು ಒಂದೇ ದಿನ ಒಂದೇ ಮೇಜಿನ ಸುತ್ತ ಇರಬೇಕು. ಹೊಸ ಕ್ಲೈಂಟಿನ ರಿಕ್ವೈರ್‌ಮೆಂಟ್ ಶುರುವಾಗುವ ವಾರ, ದೊಡ್ಡ ವಾಕ್-ಇನ್ ಡ್ರೈವ್ ಇರುವ ವಾರ, ಹೊಸಬರು ಸೇರಿದ ಮೊದಲ ವಾರಗಳು, ಇವು ಆಫೀಸಿಗೆ ಬರಲೇಬೇಕಾದ ಹೊತ್ತು. ಬರೀ ಸೋರ್ಸಿಂಗ್, ಅಂದರೆ ಕ್ಯಾಂಡಿಡೇಟುಗಳ ಹುಡುಕಾಟ, ನಡೆಯುವ ವಾರಗಳಲ್ಲಿ ಅನುಭವಿಗಳು ಎಲ್ಲಿದ್ದರೂ ನಡೆಯುತ್ತದೆ. ಕ್ಯಾಲೆಂಡರಿನ ವಾರಗಳಿಗೆ ಹಾಜರಾತಿ ಕಟ್ಟುವ ಬದಲು ಕೆಲಸದ ಹಂತಕ್ಕೆ ಕಟ್ಟಿದರೆ ಕಂಪನಿಗೂ ಲಾಭ.

ಇಷ್ಟು ಹೇಳುವಾಗ ಸ್ಟಾಫಿಂಗ್ ಎಂದರೆ ಐಟಿ ಡೆಸ್ಕ್ ಮಾತ್ರವಲ್ಲ ಎಂಬುದೂ ನೆನಪಿರಲಿ. ಹೊಸಕೋಟೆ, ನೆಲಮಂಗಲದ ಗೋದಾಮುಗಳಿಗೆ, ಪೀಣ್ಯ, ಬೊಮ್ಮಸಂದ್ರದ ಕಾರ್ಖಾನೆಗಳಿಗೆ ಜನ ಕೊಡುವವರು ಮನೆಯಲ್ಲಿ ಕೂತು ಏನೂ ಮಾಡಲಾರರು. 2020ರ ಡಿಸೆಂಬರ್ 12ರಂದು ಕೋಲಾರ ಜಿಲ್ಲೆಯ ನರಸಾಪುರದಲ್ಲಿ ಐಫೋನ್ ಜೋಡಿಸುತ್ತಿದ್ದ ವಿಸ್ಟ್ರಾನ್ ಘಟಕದಲ್ಲಿ ನಡೆದದ್ದು ನಿಮಗೆ ಗೊತ್ತಿರಬಹುದು. ಅಲ್ಲಿ ಬಹುಪಾಲು ಕಾರ್ಮಿಕರು ಸ್ಟಾಫಿಂಗ್ ಏಜೆನ್ಸಿಗಳ ಮೂಲಕ ಬಂದವರು. ಸಂಬಳ, ಹಾಜರಾತಿ ಲೆಕ್ಕದಲ್ಲಾದ ಗೊಂದಲದ ಸಿಟ್ಟು ಒಂದು ಮುಂಜಾನೆ ಒಡೆದು ಘಟಕವೇ ಧ್ವಂಸವಾಯಿತು. ಕೆಲವರಿಗೆ ಸರಿಯಾಗಿ, ಸಮಯಕ್ಕೆ ಸಂಬಳ ಸಿಕ್ಕಿರಲಿಲ್ಲ ಎಂದು ಕಂಪನಿಯೇ ನಂತರ ಒಪ್ಪಿಕೊಂಡು ಕ್ಷಮೆ ಕೇಳಿತು. ಸಾವಿರಾರು ಜನರನ್ನು ಒಂದು ಗೇಟಿನೊಳಗೆ ಕಳಿಸುವ ಸಂಸ್ಥೆಯ ಪ್ರತಿನಿಧಿ ಪ್ರತಿ ಶಿಫ್ಟಿನಲ್ಲೂ ಆ ಗೇಟಿನ ಬಳಿ ಇರಬೇಕು, ಪೇ ಸ್ಲಿಪ್ ಹಿಡಿದು ಬಂದವರಿಗೆ ಉತ್ತರ ಹೇಳಬೇಕು. ಆ ಕೆಲಸಕ್ಕೆ ಹೈಬ್ರಿಡ್, ಅಂದರೆ ಕೆಲವು ದಿನ ಮನೆ ಕೆಲವು ದಿನ ಆಫೀಸು, ಎಂಬ ಮಾತೇ ಅನ್ವಯಿಸದು. ನಿಮ್ಮ ಕಂಪನಿ ಎರಡೂ ಬಗೆಯ ವ್ಯವಹಾರ ನಡೆಸುತ್ತಿದ್ದರೆ, ಫೀಲ್ಡಿನವರು ದಿನವೂ ಬಿಸಿಲಲ್ಲಿ ನಿಂತಿರುವಾಗ ಐಟಿ ಡೆಸ್ಕಿಗೆ ಮಾತ್ರ ಮನೆಯೇ ಎಂಬ ಅಸಮಾಧಾನ ಒಳಗೆ ಇದ್ದೇ ಇರುತ್ತದೆ. ಮೂರು ದಿನದ ನಿಯಮ ಬರುವುದಕ್ಕೆ ಕೆಲವು ಕಡೆ ಇದೂ ಒಂದು ಕಾರಣ.

ಸ್ಕ್ರೀನ್‌ಶಾಟ್ ವಿಷಯಕ್ಕೆ ಬರುತ್ತೇನೆ. ನಿಮಗೆ ಅದರಿಂದ ಅವಮಾನ ಆಗಿರುವುದು ಸಹಜ. ಆದರೆ ಮ್ಯಾನೇಜರ್ ಮುಂದೆ ಅವಮಾನದ ಮಾತು ನಿಲ್ಲುವುದಿಲ್ಲ, ಇನ್ನೊಂದು ಮಾತು ನಿಲ್ಲುತ್ತದೆ. ನಿಮ್ಮ ಪರದೆಯ ಮೇಲೆ ದಿನವಿಡೀ ಇರುವುದೇನು? ಕ್ಯಾಂಡಿಡೇಟುಗಳ ರೆಸ್ಯೂಮೆ, ಫೋನ್ ನಂಬರ್, ಸಂಬಳದ ಸ್ಲಿಪ್, ಆನ್‌ಬೋರ್ಡಿಂಗ್ ಹೊತ್ತಿನಲ್ಲಿ ಪ್ಯಾನ್, ಆಧಾರ್, ಬ್ಯಾಂಕ್ ಪಾಸ್‌ಬುಕ್. ಆ ಸಾಫ್ಟ್‌ವೇರ್ ಇವೆಲ್ಲದರ ಚಿತ್ರ ತೆಗೆದು ಇನ್ನೆಲ್ಲೋ ಒಂದು ಸರ್ವರಿನಲ್ಲಿ ರಾಶಿ ಹಾಕುತ್ತಿದೆ. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯ ನಿಯಮಗಳು 2025ರ ನವೆಂಬರಿನಲ್ಲಿ ಪ್ರಕಟವಾಗಿವೆ, ಮುಖ್ಯ ಹೊಣೆಗಾರಿಕೆಗಳಿಗೆ ಅಲ್ಲಿಂದ ಹದಿನೆಂಟು ತಿಂಗಳ ಗಡುವು. ದತ್ತಾಂಶ ಕಾಪಾಡಲು ತಕ್ಕ ಭದ್ರತೆ ಮಾಡದಿದ್ದರೆ ದಂಡ 250 ಕೋಟಿ ರೂಪಾಯಿವರೆಗೆ ಹೋಗಬಹುದು. ಉದ್ಯೋಗದ ಉದ್ದೇಶಕ್ಕೆ, ಸಂಸ್ಥೆಯನ್ನು ನಷ್ಟದಿಂದ ಕಾಪಾಡಲಿಕ್ಕೆ ನೌಕರರ ಮಾಹಿತಿ ಬಳಸಲು ಈ ಕಾಯ್ದೆ ಅವಕಾಶ ಕೊಡುತ್ತದೆ, ಹಾಗಾಗಿ ನಿಮ್ಮ ಮೇಲೆ ನಿಗಾ ಇಡುವುದೇ ಅಕ್ರಮ ಎನ್ನಲಾಗದು. ಆದರೆ ಕ್ಯಾಂಡಿಡೇಟುಗಳು ತಮ್ಮ ಆಧಾರ್ ಚಿತ್ರ ನಿಗಾ ಸಾಫ್ಟ್‌ವೇರಿನ ಸರ್ವರಿಗೆ ಹೋಗಲಿ ಎಂದು ಕೊಟ್ಟಿಲ್ಲ. ಈ ಪ್ರಶ್ನೆಯನ್ನು ಲಿಖಿತವಾಗಿ, ವಿನಯದಿಂದ ಎತ್ತಿ. ಜೊತೆಗೆ ನಿಮ್ಮ ಕಡೆಯನ್ನೂ ಸ್ವಚ್ಛ ಮಾಡಿಕೊಳ್ಳಿ: ಮನೆಯವರೆಲ್ಲ ಬಳಸುವ ಲ್ಯಾಪ್‌ಟಾಪಿನಲ್ಲಿ ಕೆಲಸ ಬೇಡ, ಸ್ವಂತ ವಾಟ್ಸಾಪಿಗೆ ಬಂದ ದಾಖಲೆಗಳನ್ನು ಕಂಪನಿಯ ಸಿಸ್ಟಮ್ಮಿಗೆ ಹಾಕಿ ಫೋನಿನಿಂದ ಅಳಿಸಿ.

ಸ್ಕ್ರೀನ್‌ಶಾಟಿಗೆ ಬದಲು ಏನನ್ನು ಅಳೆಯಬೇಕು ಎಂದೂ ನೀವೇ ಹೇಳಿ. ದಿನಕ್ಕೆಷ್ಟು ಕರೆ ಎಂಬುದು ಸುಳ್ಳು ಲೆಕ್ಕಕ್ಕೆ ದಾರಿ. ಸಂಖ್ಯೆ ತುಂಬಿಸಲು ಯಾರಿಗೆ ಬೇಕಾದರೂ ಕರೆ ಮಾಡಬಹುದು. ಕಳಿಸಿದ ಪ್ರೊಫೈಲುಗಳಲ್ಲಿ ಇಂಟರ್‌ವ್ಯೂವರೆಗೆ ಹೋದದ್ದೆಷ್ಟು, ಆಫರ್ ಆದವರಲ್ಲಿ ಸೇರಿದವರೆಷ್ಟು, ಸೇರಿದವರಲ್ಲಿ ರಿಪ್ಲೇಸ್‌ಮೆಂಟ್ ಅವಧಿ (ಸೇರಿದವರು ಬಿಟ್ಟರೆ ನಾವು ಪುಕ್ಕಟೆ ಇನ್ನೊಬ್ಬರನ್ನು ಕೊಡಬೇಕಾದ ಅವಧಿ) ದಾಟಿ ಉಳಿದವರೆಷ್ಟು, ಈ ಮೂರು ಸಾಕು. ಆಫೀಸಿನವರದ್ದು, ಮನೆಯವರದ್ದು ಪಕ್ಕಪಕ್ಕ ಇಟ್ಟು ನೋಡಿದರೆ ವಾದ ತಾನಾಗಿ ಇತ್ಯರ್ಥವಾಗುತ್ತದೆ. ನಿಮ್ಮ ಟೀಮಿನ ಹೊಸಬರ ಸಂಖ್ಯೆಯನ್ನೂ ಅದರಲ್ಲಿ ಬೇರೆಯಾಗಿ ತೋರಿಸಿ, ಮುಚ್ಚಿಡಬೇಡಿ. ಅದು ಕಡಿಮೆ ಇದ್ದರೆ ನಿಮ್ಮ ತಿಂಗಳಿಗೊಂದು ವಾರದ ಬೇಡಿಕೆಗೆ ಅದೇ ಆಧಾರ.

ಕ್ಲೈಂಟುಗಳ ಕಡೆಯಿಂದಲೂ ಗಾಳಿ ಬದಲಾಗಿದೆ. ಟಿಸಿಎಸ್ 2023ರ ಅಕ್ಟೋಬರಿನಿಂದ ವಾರಕ್ಕೆ ಐದು ದಿನ ಆಫೀಸಿಗೆ ಕರೆಯಿತು, ಮುಂದಿನ ವರ್ಷ ತ್ರೈಮಾಸಿಕ ವೇರಿಯಬಲ್ ಪೇಯನ್ನೂ (ಸಂಬಳದಲ್ಲಿ ಏರಿಳಿಯುವ ಭಾಗ) ಹಾಜರಾತಿಗೆ ಜೋಡಿಸಿತು. ಇನ್ಫೋಸಿಸ್ 2025ರ ಮಾರ್ಚಿನಿಂದ ತಿಂಗಳಿಗೆ ಹತ್ತು ದಿನ ಎಂದಿತು. ಇದರಿಂದ ನಿಮ್ಮ ಕರೆಗಳು ಬದಲಾಗಬೇಕು. ಸಂಬಳ ಕೇಳುವ ಮೊದಲೇ "ಮ್ಯಾಮ್, ವರ್ಕ್ ಫ್ರಮ್ ಹೋಮ್ ಇದೆಯಾ?" ಎಂದು ಕ್ಯಾಂಡಿಡೇಟ್ ಕೇಳುತ್ತಾನೆ. ಬರೀ ಹೈಬ್ರಿಡ್ ಎಂದು ಹೇಳಿ ಮುಗಿಸಬೇಡಿ. ಎಷ್ಟು ದಿನ, ಯಾವ ಕ್ಯಾಂಪಸ್, ದಿನ ಆರಿಸುವವರು ಯಾರು, ಹಾಜರಾತಿ ಅಪ್ರೈಸಲಿಗೆ ತಾಕುತ್ತದೆಯೇ ಎಂದು ಹೈರಿಂಗ್ ಮ್ಯಾನೇಜರಿನಿಂದ ಮೊದಲ ಕರೆಯಲ್ಲೇ ತಿಳಿದುಕೊಂಡು, ಇದ್ದದ್ದನ್ನು ಇದ್ದ ಹಾಗೆ ಹೇಳಿ. ಹಾಸನಕ್ಕೋ ಬಳ್ಳಾರಿಗೋ ಹೋಗಿ ನೆಲೆಸಿದವನಿಗೆ ಒಂದು ದಿನ ಎಂದು ಹೇಳಿ ಸೇರಿಸಿ, ಸೇರಿದ ಮೇಲೆ ಮೂರು ದಿನ ಎಂದರೆ ಅವನ ಸಂಸಾರವನ್ನೇ ನಾವು ಕಿತ್ತು ಹಾಕಿದ ಹಾಗೆ. ಈ ಪಾಪ ನಮ್ಮ ಉದ್ಯಮದಲ್ಲಿ ಬಹಳ ನಡೆದಿದೆ.

ಇನ್ನೊಂದು ಬದಲಾವಣೆ ವಿಡಿಯೋ ಇಂಟರ್‌ವ್ಯೂ ತಂದದ್ದು. ಒಬ್ಬನ ಬದಲು ಇನ್ನೊಬ್ಬ ಕೂರುವ ಪ್ರಾಕ್ಸಿ ಇಂಟರ್‌ವ್ಯೂ ಟೆಲಿಫೋನ್ ಕಾಲದಲ್ಲೂ ಇತ್ತು, ಈಗ ಮುಖವನ್ನೇ ಬದಲಿಸುವ ತಂತ್ರ ಬಂದಿದೆ. ರಿಮೋಟ್ ಕೆಲಸಗಳ ಸಂದರ್ಶನದಲ್ಲಿ ಡೀಪ್‌ಫೇಕ್ ಬಳಕೆಯಾಗುತ್ತಿದೆ ಎಂದು ಅಮೆರಿಕದ ಎಫ್‌ಬಿಐ 2022ರ ಜೂನಿನಲ್ಲೇ ಎಚ್ಚರಿಸಿತ್ತು. ಕನಿಷ್ಠ ಒಂದು ಸುತ್ತಾದರೂ ಎದುರಾಎದುರು ನಡೆಯಲಿ ಎಂದು 2025ರಲ್ಲಿ ಗೂಗಲ್ ಕೂಡ ನಿರ್ಧರಿಸಿತು. ಹುಬ್ಬಳ್ಳಿ-ಧಾರವಾಡದಲ್ಲಿ ಇರುವ ನಿಮಗೆ ಇದರಲ್ಲೊಂದು ಅವಕಾಶವಿದೆ. ರಾಜ್ಯ ಸರ್ಕಾರದ ಬೆಂಬಲದ ಸಂಸ್ಥೆಯಾದ ಕರ್ನಾಟಕ ಡಿಜಿಟಲ್ ಎಕಾನಮಿ ಮಿಷನ್ ಐಟಿ ಉದ್ಯಮವನ್ನು ಬೆಂಗಳೂರಿನಾಚೆಗೆ ಬೆಳೆಸಲು ಆರಿಸಿಕೊಂಡ ಕ್ಲಸ್ಟರುಗಳಲ್ಲಿ ಹುಬ್ಬಳ್ಳಿ-ಧಾರವಾಡ-ಬೆಳಗಾವಿಯೂ ಒಂದು. ಉತ್ತರ ಕರ್ನಾಟಕದ ಕ್ಯಾಂಡಿಡೇಟುಗಳ ಎದುರಾಎದುರು ಸುತ್ತನ್ನು ಹುಬ್ಬಳ್ಳಿಯಲ್ಲಿ ನಾನು ನಡೆಸಿಕೊಡುತ್ತೇನೆ, ಗುರುತಿನ ಚೀಟಿ ನೋಡಿ ಕೂರಿಸುತ್ತೇನೆ ಎಂದು ಕಂಪನಿಗೆ ಹೇಳಿ. ಆಗ ನೀವು ಊರಲ್ಲಿ ಇರುವುದು ಕಂಪನಿಯ ಪಾಲಿಗೆ ಒಂದು ಶಾಖೆ ಇದ್ದಂತಾಗುತ್ತದೆ.

ಮ್ಯಾನೇಜರಿಗೆ ಬರೆಯುವ ಮೇಲ್ ಚಿಕ್ಕದಿರಲಿ. ಮಗಳ ವಿಷಯ ಮೊದಲ ಸಾಲಿಗೆ ಬೇಡ. ಕರುಣೆಯ ಮೇಲೆ ಸಿಕ್ಕ ಅನುಮತಿ ಮ್ಯಾನೇಜರ್ ಬದಲಾದ ದಿನ ಹೋಗುತ್ತದೆ. ಮೇಲೆ ಹೇಳಿದ ಆ ಮೂರು ಲೆಕ್ಕಗಳ ಆರು ತಿಂಗಳ ಅಂಕಿಗಳು, ತಿಂಗಳಿಗೊಂದು ವಾರ ಬರುವ ಪ್ರಸ್ತಾಪ, ಆ ವಾರ ಇಡೀ ಟೀಮ್ ಆಫೀಸಿನಲ್ಲಿ ಇರಬೇಕೆಂಬ ಶರತ್ತು, ಉಳಿದ ವಾರಗಳಲ್ಲಿ ಹೊಸಬರೊಂದಿಗೆ ದಿನಕ್ಕೊಂದು ಗಂಟೆ ಒಟ್ಟಿಗೆ ಕರೆ ಮಾಡುವ ಯೋಜನೆ, ಇಷ್ಟು ಸಾಕು. ಆ ಒಂದು ಗಂಟೆಯನ್ನು ನಿಜವಾಗಿ ನಡೆಸಿ: ಅವರ ಕರೆಗೆ ನೀವು ಮೂರನೆಯವರಾಗಿ ಸೇರಿ, ಚಾಟಿನಲ್ಲಿ ಆ ಕ್ಷಣವೇ ಪ್ರಶ್ನೆ ಎತ್ತಿಕೊಡಿ. ಪಕ್ಕದ ಸೀಟಿಗೆ ಅದು ಸಮನಾಗದು, ಆದರೂ ವಾರದ ಕೊನೆಗೆ ಕೊಡುವ ಫೀಡ್‌ಬ್ಯಾಕಿಗಿಂತ ಎಷ್ಟೋ ಮೇಲು. ರೈಲು, ವಸತಿ ಖರ್ಚು ಯಾರದ್ದೆಂದು ಮೊದಲೇ ಕೇಳಿ. ಪೂರ್ತಿ ಕೊಡದಿದ್ದರೆ ವಸತಿಯನ್ನಾದರೂ ಕೇಳಿ. ಎರಡು ವರ್ಷದ ಮಗುವನ್ನು ಬಿಟ್ಟು ಐದು ದಿನ ಇರುವುದು ಸುಲಭವಲ್ಲ ಎಂದು ನನಗೆ ಗೊತ್ತು. ಮನೆಯಲ್ಲಿ ಅತ್ತೆಯೋ ಅಮ್ಮನೋ ನೋಡಿಕೊಳ್ಳುವವರಿದ್ದರೆ ಸರಿ, ಇಲ್ಲವಾದರೆ ಮಗುವನ್ನೂ ಒಬ್ಬರನ್ನೂ ಕರೆದುಕೊಂಡು ಬರುವ ಹಾಗೆ ವಸತಿ ಕೇಳುವುದರಲ್ಲಿ ತಪ್ಪಿಲ್ಲ. ಮೊದಲ ಕೆಲವು ತಿಂಗಳು ಮೂರೇ ದಿನಕ್ಕೆ ಇಳಿಸಿಕೊಂಡು ಶುರು ಮಾಡಬಹುದು.

ಫ್ರೀಲಾನ್ಸ್ ಬಗ್ಗೆ: ಈಗ ಬೇಡ. ಹೊರಗಿನಿಂದ ನೋಡಿದರೆ 1 ಲಕ್ಷದ ಶುಲ್ಕ ಪೂರ್ತಿ ನಿಮ್ಮದು ಎನಿಸುತ್ತದೆ. ಫ್ರೀಲಾನ್ಸರಿಗೆ ಬಹುಪಾಲು ಕೆಲಸ ಬರುವುದು ಇನ್ನೊಂದು ಕನ್ಸಲ್ಟೆನ್ಸಿಯ ಮೂಲಕ, ಶುಲ್ಕ ಹಂಚಿಕೆಯಾಗುತ್ತದೆ. ಕ್ಯಾಂಡಿಡೇಟ್ ಸೇರುವುದಕ್ಕೆ ಮೂರು ತಿಂಗಳು, ಸೇರಿದ ಮೇಲೆ ಬಿಲ್ ಪಾಸಾಗುವುದಕ್ಕೆ ಇನ್ನೆರಡು ಮೂರು ತಿಂಗಳು. ನಡುವೆ ಅವನು ಬಿಟ್ಟು ಹೋದರೆ ಇನ್ನೊಬ್ಬರನ್ನು ಪುಕ್ಕಟೆ ಹುಡುಕಿ ಕೊಡಬೇಕು. ಜಾಬ್ ಪೋರ್ಟಲಿನ ಲೈಸೆನ್ಸಿಗೆ ನೀವೇ ದುಡ್ಡು ಕಟ್ಟಬೇಕು, ಪಿಎಫ್‌ನಲ್ಲಿ ಕಂಪನಿಯ ಪಾಲು ನಿಲ್ಲುತ್ತದೆ, ವಹಿವಾಟು ವರ್ಷಕ್ಕೆ 20 ಲಕ್ಷ ದಾಟಿದರೆ ಜಿಎಸ್‌ಟಿ ನೋಂದಣಿ ಮಾಡಿಸಬೇಕು. ಈಗಿನ ಕಂಪನಿಯ ಕ್ಲೈಂಟುಗಳನ್ನು ಇಷ್ಟು ಕಾಲ ಮುಟ್ಟುವಂತಿಲ್ಲ ಎಂಬ ಷರತ್ತು ನಿಮ್ಮ ಪತ್ರದಲ್ಲಿದೆಯೇ ನೋಡಿ. ಈ ದಾರಿಗೆ ಬೇಕಾದದ್ದು ಎರಡು: ಕೆಲಸ ಬಿಟ್ಟರೂ ಎಂಟು ತಿಂಗಳು ಮನೆ ನಡೆಸುವಷ್ಟು ಕೈಯಲ್ಲಿ ಹಣ, ಮತ್ತು ಕನ್ಸಲ್ಟೆನ್ಸಿ ನಡುವೆ ಇಲ್ಲದೆ ನೇರವಾಗಿ ಕೆಲಸ ಕೊಡುವ ಇಬ್ಬರು ಕ್ಲೈಂಟುಗಳು. ಅವೆರಡೂ ಕೂಡಿ ಬಂದಾಗ ಮತ್ತೆ ಬರೆಯಿರಿ, ಆಗ ಬೇರೆ ಉತ್ತರ ಕೊಡುತ್ತೇನೆ. ಈ ವಾರ ಮ್ಯಾನೇಜರಿಗೆ ಆ ಮೇಲ್ ಹೋಗಲಿ.